ಚಪ್ಪಾಳೆಯ ಟೀಮು

ದೋಹಾದ ಬಿನ್ ಮಹಮೂದ್ ಬಡಾವಣೆಯ ನಮ್ಮ ಹಳೆಯ ಕಟ್ಟಡದಲ್ಲಿ ಒಂದು ಮನೆಯ ಅಡುಗೆ ಇನ್ನೊಂದು ಮನೆಗೆ ಕೇಳಿಸುತ್ತದೆ. ಕೆಳಗಿನ ಫ್ಲ್ಯಾಟಿನ ಬ್ಯಾಚುಲರ್ ಹುಡುಗರಲ್ಲಿ ಯಾರೋ ಒಬ್ಬರು ಬೆಳಿಗ್ಗೆ ಅಂಗೈಯಲ್ಲೇ ರೊಟ್ಟಿ ತಟ್ಟುತ್ತಾರೆ. ಮೊನ್ನೆಮೊನ್ನೆಯವರೆಗೆ ಅದು ನನಗೆ ಹಸಿವು ತರುವ ಸದ್ದಾಗಿತ್ತು. ಈಗ ನಿಧಾನವಾಗಿ ಟಪ್, ಟಪ್, ಟಪ್ ಎಂದು ಮೂರು ಸಲ ಕೇಳಿದರೆ, ತೊಳೆಯುತ್ತಿರುವ ಪಾತ್ರೆಯನ್ನು ಹಾಗೇ ಹಿಡಿದು ನಿಂತುಬಿಡುತ್ತೇನೆ.

ನೀವು ನಂಬಲಿಕ್ಕಿಲ್ಲ, ನಾನು ಕಾಲೇಜಿನ ಫುಟ್‌ಬಾಲ್ ಟೀಮಿನಲ್ಲಿದ್ದವಳು. ಮದುವೆಯಾದ ಹೊಸತರಲ್ಲಿ ನನ್ನ ಗಂಡನೂ ನಂಬಿರಲಿಲ್ಲ. ಮಂಗಳೂರಿನ ಕಾನ್ವೆಂಟ್ ಕಾಲೇಜು. ಓಡಲು ಬಾರದ್ದಕ್ಕೆ ನನ್ನನ್ನು ಗೋಲಿನಲ್ಲಿ ನಿಲ್ಲಿಸಿದ್ದರು. ನಮ್ಮನ್ನು ಆಡಿಸುತ್ತಿದ್ದ ಸಿಸ್ಟರ್ ಬೆನೆಡಿಕ್ಟಾ ಅವರದು ಒಂದೇ ನಿಯಮ: ಮೈದಾನದಲ್ಲಿ ಕೂಗಬಾರದು. “ಗಂಟಲು ದೇವರು ಕೊಟ್ಟದ್ದು ಕ್ವಾಯರಿಗೆ” ಎನ್ನುತ್ತಿದ್ದರು. ಕೂಗದೆ ಫುಟ್‌ಬಾಲ್ ಆಡುವುದು ಹೇಗೆ? ನಮ್ಮ ಕ್ಯಾಪ್ಟನ್ ಜಮೀಲಾ, ಬಂದರಿನ ಮೀನು ವ್ಯಾಪಾರಿಯ ಮಗಳು, ಮೊದಲ ದಿನವೇ ತೀರ್ಮಾನಿಸಿದಳು: “ಬಾಯಿ ಬೇಡವಾದರೆ ಕೈ ಉಂಟಲ್ಲ.”

ಒಂದು ಚಪ್ಪಾಳೆಯೆಂದರೆ ಚೆಂಡು ನನಗೆ ಕೊಡು. ಎರಡೆಂದರೆ ನಿನ್ನ ಹಿಂದೆ ಯಾರೋ ಇದ್ದಾರೆ. ನಿಧಾನವಾಗಿ ಮೂರೆಂದರೆ ಮುಟ್ಟಬೇಡ, ಹೊರಗೆ ಹೋಗಲಿ. ಮೂರನೆಯದು ಹೆಚ್ಚಾಗಿ ನನಗಾಗಿಯೇ ಇತ್ತು. ತಾನಾಗಿ ಹೊರಗೆ ಹೋಗುವ ಚೆಂಡಿನ ಮೇಲೂ ಬಿದ್ದು, ಅದನ್ನು ತಟ್ಟಿ, ಎದುರಿನವರಿಗೆ ಪುಕ್ಕಟೆ ಕಾರ್ನರ್ ಕೊಡುವುದು ನನ್ನ ಅಭ್ಯಾಸ. “ನಿನಗೆ ಎಲ್ಲವನ್ನೂ ಉಳಿಸುವ ಚಟ ಮಾರಾಯ್ತಿ” ಎಂದು ಜಮೀಲಾ ಬೈಯುತ್ತಿದ್ದಳು.

ಆ ವರ್ಷ ಸೆಮಿಫೈನಲ್‌ವರೆಗೆ ಹೋದೆವು. ಅಲ್ಲಿ ಗೆರೆಯ ಹೊರಗೆ ನಿಂತಿದ್ದ ಹುಡುಗರಿಗೆ ನಮ್ಮ ಗುಟ್ಟು ಗೊತ್ತಾಗಿಬಿಟ್ಟಿತ್ತು. ಅವರು ಸುಮ್ಮಸುಮ್ಮನೆ ಚಪ್ಪಾಳೆ ತಟ್ಟುವುದು, ನಾವು ಬೆಚ್ಚಿ ಹಿಂದೆ ನೋಡುವುದು, ಇಲ್ಲದವಳಿಗೆ ಪಾಸ್ ಕೊಡುವುದು. ನೋಡಿದವರಿಗೆ ನಕ್ಕುನಕ್ಕು ಸಾಕಾಗಿರಬೇಕು. ವಿರಾಮದಲ್ಲಿ ಕಿತ್ತಳೆ ತೊಳೆ ಚೀಪುತ್ತಾ ಜಮೀಲಾ ಹೇಳಿದಳು, “ಇನ್ನು ಚಪ್ಪಾಳೆ ಬೇಡ. ತೊಡೆಗೆ ಹೊಡೀತೇನೆ, ಆ ಸದ್ದೇ ಬೇರೆ. ಆ ಮಂಗಗಳೂ ಹೊಡ್ಕೊಳ್ಳಲಿ, ಅವಕ್ಕೇ ನೋವು.”

ಕೊನೆಯಲ್ಲಿ ಚೆಂಡೊಂದು ಕಂಬದ ಪಕ್ಕಕ್ಕೆ ಉರುಳುತ್ತಾ ಬಂತು. ನಾನು ಬೀಳಲು ಬಾಗಿದ್ದೆ. ಬೆನ್ನ ಹಿಂದೆ ಮಂದವಾಗಿ ಮೂರು ಹೊಡೆತ. ಕೈ ಹಿಂದೆಗೆದೆ. ಚೆಂಡು ಬಿಳಿ ಗೆರೆಯ ಸುಣ್ಣ ಮೆತ್ತಿಕೊಂಡು ಹೊರಗೆ ಹೋಯಿತು. ಪಂದ್ಯವನ್ನೇನೋ ಸೋತೆವು. ಆದರೆ ನನಗೆ ಕಾಣದ ಗೆರೆ ಅವಳಿಗೆ ಕಾಣುತ್ತದೆ ಎಂಬ ನಂಬಿಕೆ ಅಂದು ಬಂದದ್ದು ಮತ್ತೆ ಹೋಗಲಿಲ್ಲ.

ಮದುವೆಯಾಗಿ ದೋಹಾಕ್ಕೆ ಬಂದ ಮೇಲೆ ಒಂದು ಸಂಜೆ ಮುಶೈರಿಬಿನ ಅಂಗಡಿ ಸಾಲಿನಲ್ಲಿ ಬೆನ್ನ ಹಿಂದೆ ಎರಡು ಚಪ್ಪಾಳೆ ಕೇಳಿ ತಿರುಗಿದರೆ, ಅಬಾಯಾ ತೊಟ್ಟ ಜಮೀಲಾ! ಅಲ್ ಹಿಲಾಲಿನಲ್ಲಿ ಅವಳ ಮನೆ. ಅವಳ ಗಂಡ ತೀರಿಕೊಂಡು ಇಲ್ಲಿಯ ಮಣ್ಣಿಗೇ ಸೇರಿದ ಮೇಲೂ ಅವಳು ಮಗಳು ಶಬಾನಾಳೊಂದಿಗೆ ಇಲ್ಲೇ ಉಳಿದಳು.

ಈ ಚಳಿಗಾಲದಲ್ಲಿ ಅವಳಿಗೆ ಎರಡನೆಯ ಸ್ಟ್ರೋಕ್ ಆಯಿತು. ಬಲಗೈ ಹೋಯಿತು, ಮಾತು ಹೋಯಿತು, ಬರೆಯುವುದೂ ಹೋಯಿತು. ತಿಳಿಯುವುದು ಹೋಗಿರಲಿಲ್ಲ. ಆದರೆ ಮಾತಾಡದವರನ್ನು ನಾವು ಬೇಗ ಕಿವುಡರೆಂದೂ ತಿಳಿದುಬಿಡುತ್ತೇವೆ. ಆಮೇಲೆ ಉಸಿರೂ ಸೋಲತೊಡಗಿತು. ನಾನು ಆಸ್ಪತ್ರೆಗೆ ಹೋದ ದಿನ ಶಬಾನಾ ಮಂಚದ ಪಕ್ಕದಲ್ಲೇ ನಿಂತು ಹೇಳಿದಳು, “ಆಂಟಿ, ಥ್ರೋಟ್‌ನಲ್ಲಿ ಹೋಲ್ ಮಾಡಿ ಟ್ಯೂಬ್ ಹಾಕಿ ಮಷೀನ್‌ಗೆ ಕನೆಕ್ಟ್ ಮಾಡ್ತಾರಂತೆ. ಆದ್ರೂ ಮೇ ಬಿ ಒಂದೆರಡು ತಿಂಗಳು ಅಂತಾರೆ. ಇವತ್ತೇ ಎಸ್ ಹೇಳ್ಬೇಕು. ಉಮ್ಮನಿಗೆ ಗೊತ್ತಾಗೋದು ಬೇಡ, ಪ್ಲೀಸ್.”

ನಾನು ಜಮೀಲಾಳ ಕಾಲನ್ನೇ ನೋಡುತ್ತಿದ್ದೆ. ಆಸ್ಪತ್ರೆಯ ಸಾಕ್ಸಿನಲ್ಲಿ ಸಣ್ಣ ತೂತು, ಅದರಲ್ಲಿ ಮೆಹಂದಿ ಮಾಸಿದ ಒಂದು ಉಗುರು. ಆಗ ಅವಳ ಎಡಗೈ ಎದ್ದು ಹೊದಿಕೆಯ ಮೇಲಿಂದ ತೊಡೆಗೆ ಬಿತ್ತು. ಒಂದು. ಎರಡು. ಮೂರು.

“ಬೆಳಿಗ್ಗೆಯಿಂದ ಹೀಗೇ” ಎಂದಳು ಶಬಾನಾ. “ರೆಸ್ಟ್‌ಲೆಸ್ ಅಂತಾರೆ ನರ್ಸ್.”

ನಾನು ಬಾಗಿ ಕೇಳಿದೆ, “ಜಮೀಲಾ, ಬಿಡಬೇಕಾ?” ಅವಳು ನನ್ನನ್ನೇ ನೋಡುತ್ತಾ ಮತ್ತೆ ಹೊಡೆದಳು. ಮೂರೇ.

ಕಾರಿಡಾರಿಗೆ ಕರೆದುಕೊಂಡು ಹೋಗಿ ಶಬಾನಾಳಿಗೆ ಎಲ್ಲ ಹೇಳಿದೆ: ಸಿಸ್ಟರು, ಚಪ್ಪಾಳೆ, ಗೆರೆ. ಹೇಳುತ್ತಾ ಹೇಳುತ್ತಾ ನನ್ನ ಮಾತು ನನಗೇ ಹುಚ್ಚಿನಂತೆ ಕೇಳಿಸಿತು. ಅವಳು ಕೊನೆಯವರೆಗೂ ಕೇಳಿದಳು.

“ಆಂಟಿ, ಅದು ಫುಟ್‌ಬಾಲ್. ಇದು ನನ್ನ ಉಮ್ಮ.”

“ನೀನೇ ಕೇಳು ಮಗಾ” ಎಂದೆ.

ಅವಳು ಒಳಗೆ ಹೋಗಿ ಬ್ಯಾರಿ ಭಾಷೆಯಲ್ಲಿ ಏನೋ ಕೇಳಿದಳು. ಬಾಗಿಲಿನ ಗಾಜಿನಿಂದ ಕಂಡದ್ದಿಷ್ಟು: ಕೈ ಎದ್ದಿತು, ಬಿತ್ತು, ಎದ್ದಿತು, ಬಿತ್ತು, ಮೂರನೆಯ ಸಲ ಏಳುವ ಮೊದಲೇ ಶಬಾನಾ ಅದನ್ನು ತನ್ನೆರಡು ಕೈಯಲ್ಲಿ ಒತ್ತಿ ಹಿಡಿದುಬಿಟ್ಟಳು. ಬಹಳ ಹೊತ್ತು ಹಾಗೇ ಹಿಡಿದಿದ್ದಳು. ಆಮೇಲೆ ಅವಳೇ ಬಿಟ್ಟಳು. ಕೈ ಎದ್ದು, ಬಿತ್ತು.

ಟ್ಯೂಬ್ ಹಾಕಲಿಲ್ಲ. ವಾರ ತುಂಬುವ ಮೊದಲೇ ಜಮೀಲಾಳನ್ನು ಗಂಡನಿರುವ ಮಣ್ಣಿಗೇ ಒಯ್ದರು. ಅಂದಿನಿಂದ ಶಬಾನಾ ನನ್ನ ಫೋನ್ ಎತ್ತುವುದಿಲ್ಲ. ಅವಳದು ತಪ್ಪೆನ್ನಲಾರೆ. ತಾಯಿ ಹೇಳಿದ್ದೇ ಆದರೂ, ಮೊದಲು ಬಾಯಿಬಿಟ್ಟು ಹೇಳಿದವಳು ನಾನಲ್ಲವೇ? ಸರಿಯಾಗಿಯೇ ಕೇಳಿಸಿಕೊಂಡೆನೇ ಎಂಬ ಪ್ರಶ್ನೆ ನನ್ನನ್ನೂ ಬಿಟ್ಟಿಲ್ಲ. ಫೋನಿನ ರಿಂಗು ಪೂರ್ತಿ ಮುಗಿಯುವವರೆಗೆ ಕಾದು ಇಟ್ಟುಬಿಡುತ್ತಿದ್ದೆ. ಆಮೇಲಾಮೇಲೆ ಮಾಡುವುದನ್ನೇ ನಿಲ್ಲಿಸಿದೆ.

ಇವತ್ತೂ ಕೆಳಗೆ ರೊಟ್ಟಿಯ ಸದ್ದು ಬಂತು. ಟಪ್, ಟಪ್, ಟಪ್. ಪಾತ್ರೆ ಹಿಡಿದು ನಿಂತೆ. ಆದರೆ ಅದು ಜಮೀಲಾಳ ಕೈಯಲ್ಲ. ಪಾಪ, ಯಾರದೋ ಬೆಳಗಿನ ಹಸಿವು. ಪಾತ್ರೆ ಕೆಳಗಿಟ್ಟೆ, ಸೆರಗಿನಲ್ಲಿ ಕೈ ಒರೆಸಿಕೊಂಡೆ, ಶಬಾನಾಳ ನಂಬರ್ ಒತ್ತಿದೆ. ಎಲ್ಲವನ್ನೂ ಉಳಿಸುವ ಚಟ ಮಾರಾಯ್ತಿ ಎಂದು ಬೈಯಲಿಕ್ಕೆ ಈಗ ಯಾರೂ ಇಲ್ಲ.

ರಿಂಗಾಗುತ್ತಿದೆ.