ಕೋಟು ಅವರದು, ದನಿ ಇನ್ನೊಬ್ಬನದು

ಕ್ಯಾಲಿಫೋರ್ನಿಯಾದ ಪ್ಲೆಸೆಂಟನ್‌ನಲ್ಲಿ ನನ್ನ ಅಂಗಡಿ ಇರುವ ಸಾಲಿನಲ್ಲಿ ಮೊದಲು ಒಂದು ಡೋನಟ್ ಅಂಗಡಿ, ಆಮೇಲೆ ಹಲ್ಲಿನ ಡಾಕ್ಟರ ಆಫೀಸು, ಕೊನೆಯಲ್ಲಿ ನಾನು. ಬೋರ್ಡಿನ ಮೇಲೆ ‘ಆಲ್ಟರೇಷನ್ಸ್’ ಅಂತ ಇದೆ. ಆ ಶಬ್ದ ನನಗೆ ಸೇರುವುದಿಲ್ಲ. ಬೇರೆಯವರು ಕೆಡಿಸಿದ್ದನ್ನು ರಿಪೇರಿ ಮಾಡುವವನು ಅಂದ ಹಾಗಿದೆ. ನಾನು ಹೊಲಿಯುವವನು. ಗದಗಿನಲ್ಲಿ ಆರನೇ ಇಯತ್ತೆ ಬಿಟ್ಟು ಚಿಕ್ಕಪ್ಪನ ಮಷಿನ್ನಿನ ಮುಂದೆ ಕೂತವನು ಇವತ್ತಿಗೂ ಎದ್ದಿಲ್ಲ. ಮಷಿನ್ನು ಬದಲಾಯಿತು, ಊರು ಬದಲಾಯಿತು, ಅಷ್ಟೆ.

ಹೆಂಡತಿಯ ಅಣ್ಣ ಮೊದಲು ಬಂದವರು, ನಮ್ಮನ್ನೂ ಕರೆಸಿಕೊಂಡರು. ಕೆಲವು ವರ್ಷ ಡ್ರೈಕ್ಲೀನಿಂಗ್ ಅಂಗಡಿಯ ಹಿಂದಿನ ಕೋಣೆಯಲ್ಲಿ ಬರೀ ಪ್ಯಾಂಟಿನ ಕಾಲು ಮಡಚಿದೆ. ಆಮೇಲೆ ಇದು. ಹಬ್ಬ ಬಂದರೆ ಲಿವರ್‌ಮೋರಿನ ದೇವಸ್ಥಾನಕ್ಕೆ ಹೋಗುವ ಬೆಂಗಳೂರು, ಮೈಸೂರಿನ ಹೆಣ್ಣುಮಕ್ಕಳು ಬ್ಲೌಸುಗಳ ಗಂಟು ತಂದು ಹಾಕುತ್ತಾರೆ. “ಅಂಕಲ್, ನಾಳೆಗೇ ಬೇಕು” ಅನ್ನುತ್ತಾರೆ. ಎಲ್ಲರಿಗೂ ನಾಳೆಗೇ ಬೇಕು.

ನಾನು ಹೇಳಹೊರಟಿರುವುದು ಅವರ ಬಗ್ಗೆ ಅಲ್ಲ. ನಾರ್ವೆ ದೇಶದ ಒಬ್ಬ ಸಿನಿಮಾ ನಟರ ಬಗ್ಗೆ. ಅವರು ಈಗಿಲ್ಲ.

ಮೊದಲ ಸಲ ಅವರು ಬಂದದ್ದು ಮಗಳ ಜೊತೆ, ವಾಲ್ನಟ್ ಕ್ರೀಕಿನಿಂದ. ಬಾಗಿಲಿನ ಅಳತೆಯ ಎತ್ತರದ ಮನುಷ್ಯ. ಕೈಯಲ್ಲಿ ನೀಲಿ ಉಣ್ಣೆಯ ಒಂದು ದಪ್ಪ ಕೋಟು. ಅಲ್ಲಿನ ಎರಡು ಅಂಗಡಿಯವರು ಮುಟ್ಟುವುದಿಲ್ಲ ಅಂದಿದ್ದರಂತೆ. ಪ್ರಾಯದಲ್ಲಿ ಊರು ಬಿಟ್ಟಾಗ ಹಾಕಿಕೊಂಡು ಬಂದ ಕೋಟು, ಈಗ ಎದೆಯ ಹತ್ತಿರ ಗುಂಡಿ ಕೂಡುತ್ತಿರಲಿಲ್ಲ. ಒಳಗಿನ ಅಸ್ತರು ಬಿಚ್ಚಿ ನೋಡಿದೆ. ಹೊಲಿಗೆಯ ಒಳಗೆ ಎರಡೂ ಕಡೆ ಬಟ್ಟೆ ಬಿಟ್ಟಿತ್ತು, ನಾವು ಬಿಡುವ ಹಾಗೇ, ಎರಡು ಬೆರಳಗಲ. ಇಲ್ಲಿನ ರೆಡಿಮೇಡಿನಲ್ಲಿ ಇದನ್ನು ಕಾಣುವುದಿಲ್ಲ. ಹೊಲಿದು ಅಂಚು ಕತ್ತರಿಸಿ ಎಸೆದಿರುತ್ತಾರೆ, ಮೈ ಬೆಳೆದರೆ ಹೊಸದು ಕೊಳ್ಳಲಿ ಅಂತ.

“ಇದನ್ನ ಹೊಲಿದವನು ನಮ್ಮವನು” ಅಂದುಬಿಟ್ಟೆ.

ಅವರು ನಕ್ಕರು. “ಅವನು ಸಮುದ್ರದ ಆಚೆ ಒಂದು ಕಲ್ಲುದಿಬ್ಬದ ಮೇಲಿದ್ದ. ಮೀನುಗಾರರಿಗೆ ಹೊಲೀತಿದ್ದ. ನಿಮ್ಮವನು ಹೇಗಾಗ್ತಾನೆ?”

“ಬಟ್ಟೆ ಬಿಟ್ಟಿದಾನಲ್ಲ. ನೀವು ದಪ್ಪ ಆಗ್ತೀರಿ ಅಂತ ಅವನಿಗೆ ಅವತ್ತೇ ಗೊತ್ತಿತ್ತು.”

ಮಗಳು ಬಾಯಿ ಮುಚ್ಚಿಕೊಂಡು ನಕ್ಕಳು. ಅಲ್ಲಿಂದ ಸಲಿಗೆ ಬೆಳೆಯಿತು. ನಮ್ಮ ಕಡೆ ಟೈಲರನ್ನು ‘ಮಾಸ್ಟರ್’ ಅನ್ನುತ್ತಾರೆ ಅಂತ ಹೇಳಿದ್ದೇ ತಪ್ಪಾಯಿತು, ಬಾಗಿಲಿನಿಂದಲೇ “ಮಾಸ್ಟರ್!” ಅಂತ ಕೂಗುವರು. ನಾನು “ಬನ್ನಿ ಹೀರೋ” ಅನ್ನುತ್ತಿದ್ದೆ. ಹೀರೋ ಅಂದರೆ ಮುಖ ಸಿಂಡರಿಸಿ, “ನಾನು ಒಂದೇ ಸಲ ಹೀರೋ ಆದವನು” ಅನ್ನುವರು. ನನ್ನದು ಅಂಗಡಿ ಇಂಗ್ಲಿಷು, ಅವರದು ನಾರ್ವೆಯ ಎಳೆತ ಉಳಿದ ಇಂಗ್ಲಿಷು. ಇಲ್ಲಿ ಬರೆದದ್ದು ನನಗೆ ಕೇಳಿಸಿದ ಹಾಗೆ.

ಅವರ ಕಥೆ ತುಣುಕು ತುಣುಕಾಗಿ ಬಂತು, ಅಳತೆ ಕೊಡುತ್ತ ನಿಂತಾಗ. ಅಪ್ಪ ದೋಣಿಯ ಇಂಜಿನ್ನು ರಿಪೇರಿ ಮಾಡುವವರು. ಊರಿನ ನಾಟಕದಲ್ಲಿ ಇವರನ್ನು ಕಂಡ ಯಾರೋ ರಾಜಧಾನಿಗೆ ಕರೆದೊಯ್ದು ಒಂದು ಕಪ್ಪು-ಬಿಳುಪು ಚಿತ್ರದಲ್ಲಿ ನಾಯಕನನ್ನಾಗಿ ಮಾಡಿದರು. ಚಿತ್ರ ಓಡಿತು. ಅಮೆರಿಕದವರು ಕರೆದರು. ಹೋದರೆ ರಾಜನಾಗುತ್ತೇನೆ ಅಂದುಕೊಂಡು ಆ ನೀಲಿ ಕೋಟು ಹಾಕಿಕೊಂಡು ಲಾಸ್ ಏಂಜಲಿಸ್‌ಗೆ ಬಂದರು. ಅಲ್ಲಿ ಇವರ ಎತ್ತರ ನೋಡಿ, ಮಾತಿನ ಧಾಟಿ ಕೇಳಿ, ಒಂದೇ ಪಾತ್ರ ಕೊಟ್ಟರು: ಶತ್ರು. ಜರ್ಮನ್ ಸಿಪಾಯಿ, ರಷ್ಯದ ಗೂಢಚಾರ, ಹಡಗು ಕದಿಯುವ ಕ್ಯಾಪ್ಟನ್ನು. ಮಾತು ಕಡಿಮೆ, ಸಾಯುವುದು ಜಾಸ್ತಿ.

“ಎಷ್ಟು ಸಲ ಸತ್ತಿರಿ ಹೀರೋ?” ಅಂತ ಕೇಳಿದ್ದೆ.

“ಲೆಕ್ಕ ಇಟ್ಟಿಲ್ಲ. ಛಾವಣಿಯಿಂದ ಬಿದ್ದು, ನೀರಲ್ಲಿ ಮುಳುಗಿ. ಒಂದು ಸಲ ಹಿಮದಲ್ಲಿ ಹೆಪ್ಪುಗಟ್ಟಿ. ನಾನು ಎಲ್ಲಿಯವನು ಅಂತ ಗೊತ್ತಿದ್ದೂ ಹಿಮದಲ್ಲಿ ಸಾಯಿಸಿದರು ನೋಡು, ಅದಕ್ಕೆ ಬೇಜಾರು.”

ಪಾತ್ರಗಳು ನಿಂತುಹೋದ ಮೇಲೆ ಹೆಂಡತಿಯ ನೌಕರಿಗಾಗಿ ಈ ಕಡೆ ಬಂದರು, ಸಂಜೆ ಕ್ಲಾಸುಗಳಲ್ಲಿ ನಟನೆ ಕಲಿಸಿದರು. ಹೆಂಡತಿ ಅಮೆರಿಕದವರು, ತೀರಿಕೊಂಡು ಆಗಲೇ ಬಹಳ ವರ್ಷವಾಗಿತ್ತು. ಮಗಳಿಗೆ ಅಪ್ಪನ ಭಾಷೆ ಬಾರದು. ಮನೆಯಲ್ಲಿ ಅದನ್ನು ಆಡಲು ಯಾರೂ ಇರಲಿಲ್ಲ. “ಬೆಕ್ಕಿನ ಜೊತೆ ಆಡ್ತೀನಿ” ಅಂದಿದ್ದರು. ನನಗೆ ನಗು ಬರಲಿಲ್ಲ. ನಾನು ಕನ್ನಡದಲ್ಲಿ ಕರೆದರೆ ಮೊಮ್ಮಗಳು ಇಂಗ್ಲಿಷಿನಲ್ಲಿ ಓಗೊಡುತ್ತಾಳೆ.

ಕೋಟು ಯಾಕೆ ಬೇಕಾಗಿತ್ತು ಅಂದರೆ, ಅವರ ದೇಶದಿಂದ ಒಬ್ಬಳು ಹುಡುಗಿ, ನಿರ್ದೇಶಕಿ, ಫೋನು ಮಾಡಿದ್ದಳು. ಹಡಗು ಬಿಟ್ಟು ಕ್ಯಾಲಿಫೋರ್ನಿಯಾದಲ್ಲೇ ಉಳಿದುಬಿಟ್ಟ ಒಬ್ಬ ಮುದಿ ನಾವಿಕನ ಕಥೆ. ಕೊನೆಗಾಲದಲ್ಲಿ ಅವನು ಊರಿನಲ್ಲಿರುವ ತಂಗಿಗೆ ಫೋನು ಮಾಡುತ್ತಾನೆ. ಅದೇ ಚಿತ್ರದ ಮುಖ್ಯ ದೃಶ್ಯ. ಆ ಪಾತ್ರ ಇವರದು. ಇಡೀ ಮಾತು ಅವರ ಭಾಷೆಯಲ್ಲಿ, ಅದೂ ಅವರ ಸಮುದ್ರದಂಡೆಯ ಮಾತಿನಲ್ಲೇ.

“ಮಾಸ್ಟರ್, ಒಂದು ಸಲ ನನ್ನ ಭಾಷೇಲಿ ಕ್ಯಾಮೆರಾ ಮುಂದೆ ಮಾತಾಡಿ ಆಮೇಲೆ ಸಾಯ್ತೀನಿ. ಇಷ್ಟು ವರ್ಷ ಬಾಯಿ ಮುಚ್ಚಿಕೊಂಡು ಸತ್ತಿದ್ದು ಸಾಕು.”

ಫಿಟ್ಟಿಂಗಿನ ಮಣೆಯ ಮೇಲೆ ನಿಂತು ಆ ಮಾತುಗಳನ್ನು ಹೇಳಿಕೊಳ್ಳುತ್ತಿದ್ದರು. ನಾನು ಬಾಯಲ್ಲಿ ಪಿನ್ನು ಕಚ್ಚಿಕೊಂಡು ಕೇಳುತ್ತಿದ್ದೆ. ಅರ್ಥ ಅವರೇ ಹೇಳಿದ್ದರು: ‘ದೀಪ ಆರಿಸು, ಆದರೆ ಬಾಗಿಲು ಹಾಕಬೇಡ. ನಾನು ಬರುತ್ತ ಇದ್ದೇನೆ, ನಡೆದು ಬರುವುದು ಸ್ವಲ್ಪ ನಿಧಾನ.’ ಕೊನೆಯ ಶಬ್ದದಲ್ಲಿ ದನಿ ಮೇಲಕ್ಕೆ ಹೋಗಿ ನಿಲ್ಲುತ್ತಿತ್ತು, ಪ್ರಶ್ನೆ ಕೇಳಿದ ಹಾಗೆ. ಕೇಳಿ ಕೇಳಿ ನನಗೇ ಬಾಯಿಪಾಠವಾಯಿತು. ಇಸ್ತ್ರಿ ಮಾಡುವಾಗ ಗುನುಗುತ್ತಿದ್ದೆ. ಹೆಂಡತಿ, “ಇದ್ಯಾವ ಹಾಡರೀ, ತಾಳನ ಇಲ್ಲ?” ಅನ್ನುತ್ತಿದ್ದಳು.

ವಸಂತದಲ್ಲಿ ಅರ್ಧ ಶೂಟಿಂಗು ಮುಗಿಯಿತು. ಅಷ್ಟರಲ್ಲಿ ಸಿನಿಮಾದವರ ದುಡ್ಡು ಮುಗಿಯಿತು, ಮಿಕ್ಕದ್ದನ್ನು ಚಳಿಗಾಲದಲ್ಲಿ ತೆಗೆಯುತ್ತೇವೆ ಅಂತ ತಮ್ಮ ದೇಶಕ್ಕೆ ಹೋದರು. ನಡುವಿನ ಬೇಸಿಗೆಯಲ್ಲಿ ಇವರಿಗೆ ಹೊಟ್ಟೆಯ ಕಾಯಿಲೆ ಬಂತು, ಕೆಟ್ಟ ಜಾತಿಯದು.

ಮತ್ತೆ ಅಂಗಡಿಗೆ ಬಂದಾಗ ಕೋಟು ಮೊಳೆಗೆ ತೂಗುಹಾಕಿದ ಹಾಗೆ ಮೈಮೇಲಿತ್ತು. ನಾನು ಎದ್ದು ನಿಂತೆ. ಕುರ್ಚಿ ಎಳೆದುಕೊಟ್ಟೆ.

ಅವರೇ ಶುರು ಮಾಡಿದರು. “ನಿನ್ನ ನಾರ್ವೆ ಅಣ್ಣ ಬಟ್ಟೆ ಬಿಟ್ಟಿದ್ದ. ನೀನು ಬಿಚ್ಚಿ ದೊಡ್ಡದು ಮಾಡಿದೆ. ಈಗ ಏನು ಮಾಡ್ತೀಯ?”

“ಹಿಡಿದು ಸಣ್ಣದು ಮಾಡ್ತೀನಿ.”

“ಬೇಡ. ನನ್ನನ್ನ ದೊಡ್ಡದು ಮಾಡು.”

ಆಮೇಲೆ ಬಿಡಿಸಿ ಹೇಳಿದರು. ಸಿನಿಮಾದಲ್ಲಿ ನಾವಿಕ ಫೋನಿನ ಕಡೆ ಕೈ ಚಾಚುವುದನ್ನು ವಸಂತದಲ್ಲಿ ತೆಗೆದಿದ್ದಾರೆ. ಫೋನು ಎತ್ತಿ ಮಾತಾಡುವುದನ್ನು ಈಗ ತೆಗೆಯುತ್ತಾರೆ. ತೆರೆಯ ಮೇಲೆ ಅದು ಒಂದೇ ಉಸಿರು. ಕೈ ಚಾಚಿದವನು ದಪ್ಪ, ಎತ್ತಿದವನು ಬಡಕಲು ಆದರೆ ಹೇಗೆ? ಮುಖ ಮೇಕಪ್ಪಿನವರ ಪಾಲು, ಮೈ ನನ್ನ ಪಾಲು. ಫೋನಿನ ದೃಶ್ಯವನ್ನೇ ಬಿಟ್ಟುಬಿಡುತ್ತಾರೆ ಅನ್ನುವುದು ಅವರ ಹೆದರಿಕೆ. ಅದು ಹೋದರೆ ಅವರಿಗೆ ಉಳಿಯುವುದು ಮತ್ತೆ ಬಾಯಿ ಮುಚ್ಚಿಕೊಂಡು ನಡೆದಾಡುವ ಪಾತ್ರ.

ಮಗಳು ಕಾರಿನ ಕೀಲಿ ತಿರುವುತ್ತ ನಿಂತಿದ್ದಳು. “ಡ್ಯಾಡ್, ನೀವು ಮಲಗಬೇಕಾದವರು.”

“ಮಲಗ್ತೀನಿ. ಅದಕ್ಕೆ ತಾಲೀಮು ಬೇಡ, ಬೇಕಾದಷ್ಟು ಸಲ ಮಾಡಿದೀನಿ.”

ನಾನು ಅಸ್ತರು ಬಿಚ್ಚಿದೆ. ಭುಜದಲ್ಲಿ ಕ್ಯಾನ್ವಾಸು, ಎದೆಗೆ ಹತ್ತಿಯ ಪದರ, ಬೆನ್ನಿಗೆ ತೆಳ್ಳಗೆ ಇನ್ನೊಂದು. ಗುಡ್ಡೆ ಹಾಕಿದರೆ ಗೊಂಬೆಯಂತೆ ಕಾಣುತ್ತದೆ. ಮನುಷ್ಯ ತಿರುಗಿದರೆ ಅದೂ ತಿರುಗಬೇಕು, ಉಸಿರಾಡಿದರೆ ಅದೂ ಆಡಬೇಕು. ಭಾರ ಆಗಬಾರದು, ಅವರಿಗೆ ತಾಕತ್ತಿರಲಿಲ್ಲ. ಹೊಲಿದೆ, ಬಿಚ್ಚಿದೆ, ಮತ್ತೆ ಹೊಲಿದೆ. ಬ್ಲೌಸಿನವರು ಬೈದುಕೊಂಡು ಹೋದರು. ಹಾಕಿಸಿ ಕನ್ನಡಿಯ ಮುಂದೆ ನಿಲ್ಲಿಸಿದಾಗ ಅವರು ಬಹಳ ಹೊತ್ತು ನೋಡಿದರು. “ಇವನು ಚೆನ್ನಾಗಿದಾನೆ” ಅಂದರು, ಬೇರೆ ಯಾರನ್ನೋ ಹೊಗಳಿದ ಹಾಗೆ.

ಶೂಟಿಂಗಿನ ದಿನ ಹಟ ಹಿಡಿದು ನನ್ನನ್ನೂ ಕರೆದೊಯ್ದರು. ಸಮುದ್ರದ ದಂಡೆಯಲ್ಲಿ ಒಂದು ಮರದ ಮನೆ, ಹೊರಗೆ ಮಂಜು. ನಾನು ಸೂಜಿ ಹಿಡಿದು ಮೂಲೆಯಲ್ಲಿ ನಿಂತೆ. ಅವರು ಫೋನು ಎತ್ತಿ ಆ ಮಾತುಗಳನ್ನು ಹೇಳಿದರು. ನನ್ನ ಅಂಗಡಿಯಲ್ಲಿ ಹೇಳುತ್ತಿದ್ದದ್ದೇ, ಆದರೆ ಮೆಲ್ಲಗೆ, ಎದುರಿಗೆ ನಿಜವಾಗಿ ಯಾರೋ ಕೇಳುತ್ತಿದ್ದಾರೆ ಅನ್ನುವ ಹಾಗೆ. ಕೊನೆಯ ಶಬ್ದ ಮೇಲೆ ಹೋಗಿ ನಿಂತಿತು. ನಿರ್ದೇಶಕಿ ಹುಡುಗಿ ಓಡಿಬಂದು ತಬ್ಬಿಕೊಂಡಳು. ನನಗೆ ಮಾತ್ರ, ಅಯ್ಯೋ ಹತ್ತಿ ಜರುಗುತ್ತದಲ್ಲ ಅಂತ. ವಾಪಸು ಬರುವಾಗ ಫ್ರೀವೇ ಮೇಲೆ ಹಿಂದಿನ ಸೀಟಿನಲ್ಲಿ ಕೋಟು ತಬ್ಬಿಕೊಂಡು, ಅರೆನಿದ್ದೆಯಲ್ಲಿ, ತಮ್ಮ ಭಾಷೆಯಲ್ಲಿ ಏನೇನೋ ಮಾತಾಡುತ್ತಲೇ ಇದ್ದರು. ಮಗಳು ರೇಡಿಯೋ ಆರಿಸಿದಳು. ನಮ್ಮಿಬ್ಬರಿಗೂ ಒಂದಕ್ಷರ ತಿಳಿಯಲಿಲ್ಲ, ಇಬ್ಬರೂ ಕೇಳಿದೆವು.

ಮುಂದಿನ ವಸಂತದ ಹೊತ್ತಿಗೆ ಅವರು ಹಾಸಿಗೆ ಹಿಡಿದಿದ್ದರು. ಒಂದು ಮಧ್ಯಾಹ್ನ ಮಗಳು ಒಬ್ಬಳೇ ಅಂಗಡಿಗೆ ಬಂದಳು. ಚಿತ್ರ ಮುಗಿದಿತ್ತು, ಕಂಪ್ಯೂಟರಿನಲ್ಲಿ ನೋಡಲು ನಿರ್ದೇಶಕಿ ಕಳಿಸಿದ್ದಳು. ಮಗಳು ಮೊದಲು ಒಬ್ಬಳೇ ನೋಡಿದ್ದಳು.

“ಅದು ನಮ್ಮಪ್ಪನ ದನಿ ಅಲ್ಲ” ಅಂದಳು.

ನನಗೆ ಅರ್ಥವಾಗಲಿಲ್ಲ.

ಚಿತ್ರವನ್ನು ಅವರ ಸಮುದ್ರದಂಡೆಯ ಊರಿನ ಕೆಲವರಿಗೆ ತೋರಿಸಿದ್ದರಂತೆ. ಮುಖ ನೋಡಿ ಒಪ್ಪಿದ ಜನ ಇವರು ಬಾಯಿ ತೆರೆದಾಗ ನಕ್ಕರಂತೆ. ‘ಇವನು ಅಮೆರಿಕದವನು. ನಮ್ಮ ಮಾತನ್ನ ಕಲಿತು ಆಡ್ತಾನೆ.’ ಅಷ್ಟು ವರ್ಷದಲ್ಲಿ ಇಲ್ಲಿನ ನಾಲಿಗೆ ಅವರಿಗೇ ಗೊತ್ತಿಲ್ಲದೆ ಒಳಗೆ ಸೇರಿಕೊಂಡಿತ್ತು. ಊರಿನ ಇನ್ನೊಬ್ಬ ವಯಸ್ಸಾದ ನಟನಿಂದ ಎಲ್ಲಾ ಮಾತನ್ನೂ ಮತ್ತೆ ಆಡಿಸಿ ಕೂಡಿಸಿದ್ದರು. ನಿರ್ದೇಶಕಿ ಫೋನಿನಲ್ಲಿ ಅತ್ತಳಂತೆ.

ಅಮೆರಿಕದಲ್ಲಿ ಈ ಮನುಷ್ಯನಿಗೆ ಪರದೇಶಿ ಮಾತು ಅಂತ ಮಾತೇ ಕೊಡಲಿಲ್ಲ. ಈಗ ಅವರ ಊರಿನವರೂ ಅದನ್ನೇ ಹೇಳಿ ಮಾತು ಕಿತ್ತುಕೊಂಡರು. ನಾನು ಕತ್ತರಿ ಕೆಳಗಿಟ್ಟೆ.

“ದಿನಾ ಕೇಳ್ತಾರೆ, ಬಂತಾ ಬಂತಾ ಅಂತ. ಕಿವಿ ಮಂದವಾಗಿದೆ. ಸೌಂಡು ಕಮ್ಮಿ ಮಾಡಿ ತೋರಿಸಲಾ?” ಅಂತ ಮಗಳು ಕೇಳಿದಳು.

ನನ್ನ ಹೆಂಡತಿ ಅವತ್ತು ಊಟದ ಡಬ್ಬಿ ತಂದು ಅಲ್ಲೇ ಇದ್ದಳು. ವಿಷಯ ತಿಳಿದು ನನಗೆ ಕನ್ನಡದಲ್ಲಿ, “ಅಲ್ರೀ, ಹಾಸಿಗಿ ಹಿಡದ ಮನಷ್ಯಾಗ ಇದೊಂದು ಬ್ಯಾರೆ ಯಾಕ? ಬಂದಿಲ್ಲ ಅಂತ ಹೇಳ್ರಿ, ಮುಗೀತು” ಅಂದಳು.

“ನಾ ಹೊಲದಿದ್ದನ್ನ ಬಿಚ್ಚಿ ಇನ್ನೊಬ್ಬಾವ ಹೊಲದ್ರ ನನಗ ಗೊತ್ತಾಗಬೇಕೋ ಬ್ಯಾಡೋ?”

“ನಿಮ್ಮ ಸೊಕ್ಕು ಎಲ್ಲಾರಿಗೂ ಇರತದ ಅಂತ ತಿಳಕೊಂಡೀರೇನು?”

“ಅವರಿಗೆ ಐತಿ.”

ಮಗಳಿಗೆ ಇಂಗ್ಲಿಷಿನಲ್ಲಿ ಇಷ್ಟೇ ಹೇಳಿದೆ: ಇದ್ದದ್ದು ಇದ್ದ ಹಾಗೆ ತೋರಿಸು, ನಾನೂ ಬರುತ್ತೇನೆ.

ಭಾನುವಾರ ಅವರ ಮನೆಗೆ ಹೋದೆ. ಕೋಟು ಕುರ್ಚಿಯ ಬೆನ್ನಿಗಿತ್ತು. ಮಗಳು ಅವರನ್ನು ದಿಂಬು ಎತ್ತರಿಸಿ ಕೂರಿಸಿದಳು, ಕಂಪ್ಯೂಟರನ್ನು ಮಡಿಲಿನ ಹಲಗೆಯ ಮೇಲೆ ಇಟ್ಟಳು. ತೆರೆಯ ಮೇಲೆ ಮಂಜು, ಮರದ ಮನೆ. ಕೈ ಚಾಚಿದರು, ಫೋನು ಎತ್ತಿದರು. ನನ್ನ ಹೊಲಿಗೆ ನಿಂತಿತ್ತು. ಎರಡು ಕಾಲದ ಮೈ ಒಂದೇ ಮೈಯಾಗಿತ್ತು. ಬಾಯಿ ತೆರೆದಾಗ ದಪ್ಪನೆಯ, ಗಟ್ಟಿ ದನಿಯೊಂದು ಬಂತು. ಕೊನೆಯ ಶಬ್ದ ಮೇಲಕ್ಕೆ ಹೋಗಲೂ ಇಲ್ಲ.

ಅವರು ಹುಬ್ಬು ಗಂಟಿಕ್ಕಿದರು. “ಯಾರಿದು?”

ಮಗಳು ಹೇಳಿದಳು. ಏನನ್ನೂ ಮುಚ್ಚಿಡಲಿಲ್ಲ. ಹೇಳುವಾಗ ಅವರ ಪಾದ ಒತ್ತುತ್ತಿದ್ದಳು.

ಅವರು ತೆರೆಯ ಮೇಲಿನ ತಮ್ಮ ಮುಖ ನೋಡುತ್ತಿದ್ದರು. ನಾನು ಕಿಟಕಿಯ ಆಚೆ ನೋಡಿದೆ. ಪಕ್ಕದ ಮನೆಯವರು ಕಾರು ತೊಳೆಯುತ್ತಿದ್ದರು.

“ಒಳ್ಳೇ ದನಿ” ಅಂದರು ಕೊನೆಗೆ. “ನಮ್ಮಪ್ಪ ಹೀಗೇ ಮಾತಾಡ್ತಿದ್ದ. ನಾನೂ ಹೀಗೇ ಮಾತಾಡ್ತೀನಿ ಅಂದುಕೊಂಡಿದ್ದೆ.”

“ಹೀರೋ...” ಅಂದೆ.

“ಕೋಟು ಚೆನ್ನಾಗಿ ಕಂಡಿದೆ, ಮಾಸ್ಟರ್. ಅದಕ್ಕೆ ಯಾರೂ ನಗಲಿಲ್ಲ.” ಸ್ವಲ್ಪ ಹೊತ್ತು ಕಣ್ಣು ಮುಚ್ಚಿದರು. ನಿದ್ದೆ ಬಂತೇನೋ ಅಂದುಕೊಂಡೆವು. “ಹಿಂದಕ್ಕೆ ಹಾಕು” ಅಂದರು ಮಗಳಿಗೆ. “ಸೌಂಡು ತೆಗಿ. ಪೂರ್ತಿ.”

ಅವಳು ಹಾಗೇ ಮಾಡಿದಳು.

ತೆರೆಯ ಮೇಲಿನವನು ಸದ್ದಿಲ್ಲದೆ ಕೈ ಚಾಚಿ ಫೋನು ಎತ್ತಿದ. ಅವನ ತುಟಿ ಅಲುಗಿದ ಕೂಡಲೇ ಇವರು ಶುರು ಮಾಡಿದರು. ಅದೇ ಮಾತು, ಮಣೆಯ ಮೇಲೆ ನಿಂತು ಹೇಳುತ್ತಿದ್ದದ್ದು. ದನಿ ಬಟ್ಟೆ ಹರಿದ ಹಾಗೆ ಬರುತ್ತಿತ್ತು. ‘ದೀಪ ಆರಿಸು’ ಅನ್ನುವವರೆಗೆ ತುಟಿಗೆ ತುಟಿ ಕೂಡಿತ್ತು. ಬಾಗಿಲಿನ ಮಾತಿಗೆ ಬಂದಾಗ ಉಸಿರು ಸಾಲಲಿಲ್ಲ, ನಿಂತರು, ಎಳೆದುಕೊಂಡರು. ಅಷ್ಟರಲ್ಲಿ ಅವನು ಮುಗಿಸಿ ಫೋನು ಕೆಳಗಿಟ್ಟು, ನಾನು ತುಂಬಿಸಿದ ಬೆನ್ನು ತಿರುಗಿಸಿ ಹೊರಟ.

ಇವರದು ಇನ್ನೂ ಬಾಕಿ ಇತ್ತು. ಮಗಳು ನಿಲ್ಲಿಸಲು ಕೈ ಮುಂದೆ ಮಾಡಿದಳು. ನಾನು ಅವಳ ಮಣಿಕಟ್ಟು ಹಿಡಿದುಕೊಂಡೆ. ಅವನು ಬಾಗಿಲು ತೆರೆದು ಮಂಜಿನೊಳಗೆ ಹೋದ, ಬಿಳಿ ತೆರೆಯ ಮೇಲೆ ಹೆಸರುಗಳು ಮೇಲೇರಿದವು. ಇವರು ಒಂದೊಂದೇ ಶಬ್ದ ಎತ್ತಿ ಇಡುತ್ತಿದ್ದರು, ನಡೆದು ಬರುವುದು ಸ್ವಲ್ಪ ನಿಧಾನ ಅನ್ನುವಲ್ಲಿಗೆ ಬಂದಿದ್ದರು. ಕೊನೆಯ ಶಬ್ದ ಮೇಲಕ್ಕೆ ಹೋಗುತ್ತದೆ ಅಂತ ನನಗೆ ಗೊತ್ತಿತ್ತು. ಕಾದೆ.