ಗರಸಿನ ಗುಂಡಿಯ ನಾಯಕಿ

ರೌನಿ ಹೌತಾಲಾಗೆ ಐವತ್ತೆರಡು ತುಂಬಿದ ವರ್ಷ ಪಟ್ಟಣದ ನಾಟಕಶಾಲೆಯವರು ಅವಳಿಗೊಂದು ಪಾತ್ರ ಕೊಟ್ಟರು: ಮೊದಲ ಅಂಕದಲ್ಲಿ ಶವಪೆಟ್ಟಿಗೆಯೊಳಗೆ ಮಲಗಿರುವ ಅತ್ತೆ. ಮಾತಿಲ್ಲ. ಎರಡನೆಯ ಅಂಕಕ್ಕೆ ಪೆಟ್ಟಿಗೆಯೂ ಇಲ್ಲ.

ಹದಿನೇಳಕ್ಕೆ ದನದ ಕೊಟ್ಟಿಗೆ ಬಿಟ್ಟು ಬಂದವಳು ಅವಳು. ಮೂವತ್ತೈದು ವರ್ಷ ಅದೇ ರಂಗದ ಮೇಲೆ ಕೆಲಸದವಳಾಗಿ, ಮದುಮಗಳಾಗಿ, ಮದುಮಗಳ ತಾಯಾಗಿ ಸವೆದಿದ್ದಳು. ನಡುವೆ ರೇಡಿಯೋಗೆ ಹನ್ನೊಂದು ನಾಟಕ ಬರೆದಳು. ಅವುಗಳಲ್ಲಿ ಹಸುವಿನ ಅಂಬಾ ಕೂಡ ಅವಳದೇ ದನಿ.

"ಐವತ್ತು ದಾಟಿದ ಹೆಂಗಸನ್ನ ಎರಡು ಗಂಟೆ ಯಾರು ಕೂತು ನೋಡ್ತಾರೆ, ರೌನಿ?" ಎಂದ ನಿರ್ದೇಶಕ, ಮೆತ್ತಗೆ.

"ನೋಡೇಬಿಡೋಣ" ಎಂದವಳೇ ಕೆಲಸ ಬಿಟ್ಟು ಹುಟ್ಟೂರಿನ ಬಸ್ಸು ಹತ್ತಿದಳು.

ಫಿನ್ಲೆಂಡಿನ ಹ್ಯಾಮೆ ಸೀಮೆಯ ಆ ಊರಲ್ಲಿ ಚಳಿಗಾಲವಿಡೀ ಕೂತು ನಾಟಕ ಬರೆದಳು. ಹಿಂದೆಲ್ಲ ಮನೆಮನೆಗೆ ಹೋಗಿ ಹಾಲಿನ ಫ್ಯಾಟು ಅಳೆಯುತ್ತಿದ್ದ ಒಂಟಿ ಹೆಂಗಸಿನ ಕಥೆ. ಬರೆದವಳೂ ಅವಳೇ, ನಾಯಕಿಯೂ ಅವಳೇ, ಆಡಿಸುವವಳೂ ಅವಳೇ. ಜಾಗ ಮಾತ್ರ ಓನ್ನಿಯದು. ಓನ್ನಿ ಎಪ್ಪತ್ತರ ರೈತ. ಅವನ ಹೊಲದಂಚಿನಲ್ಲಿ, ಸಣ್ಣ ಜಲ್ಲಿಕಲ್ಲು ಅಗೆದು ಮಾರುವ ಒಂದು ಗರಸಿನ ಗುಂಡಿ ಇತ್ತು.

"ಒಂದು ಸಂಜೆ ಆಡ್ಕೋ. ಜನ ಕೂತ್ರೆ ಬೇಸಿಗೆಯೆಲ್ಲ ಆಡು. ಎದ್ದು ಹೋದ್ರೆ ಮಾರನೇ ದಿನ ಗರಸು ತುಂಬ್ಕೊಂಡು ಹೋಗೋಕೆ ಲಾರಿ ಬರ್ತದೆ" ಎಂದ. ಅವನ ಮಟ್ಟಿಗೆ ಅದು ದೊಡ್ಡ ಭಾಷಣ.

ಊರ ಹೆಂಗಸರು ಹಳೆಯ ಹಲಗೆ ಹೊತ್ತು ತಂದು ಮೊಳೆ ಹೊಡೆದು ಇನ್ನೂರು ಜನಕ್ಕೆ ಬೆಂಚು ಮಾಡಿದರು. ರಂಗಕ್ಕೆ ಸೂರು ಹಾಕುವಷ್ಟರಲ್ಲಿ ತಗಡು ಮುಗಿಯಿತು. ಪ್ರೇಕ್ಷಕರಿಗೆ ಆಕಾಶವೇ ಗತಿ.

ಜೂನ್ ತಿಂಗಳ ಒಂದು ಶನಿವಾರ ಬೆಂಚು ಭರ್ತಿಯಾಯಿತು. ಆಟ ಶುರುವಾದ ಹತ್ತನೇ ನಿಮಿಷಕ್ಕೆ ಮಳೆಯೂ ಹಾಜರಾಯಿತು. ಕೊಡೆ ಬಿಚ್ಚಿದರೆ ಹಿಂದಿನವರಿಗೆ ಕಾಣುವುದಿಲ್ಲವೆಂದು ಎಲ್ಲರೂ ಪ್ಲಾಸ್ಟಿಕ್ ಕೊಪ್ಪೆ ಹಾಕಿಕೊಂಡು ಕೂತರು. ರೌನಿ ತನ್ನ ಒಳ್ಳೆಯ ತಮಾಷೆಯೊಂದನ್ನು ಬಿಟ್ಟಳು. ಯಾರೂ ನಗಲಿಲ್ಲ. ಇನ್ನೊಂದು ಬಿಟ್ಟಳು. ಕೆಮ್ಮು ಕೂಡ ಇಲ್ಲ. ಮಾತು ಬೆಳ್ಳಿ, ಮೌನ ಬಂಗಾರ ಎನ್ನುತ್ತಾರಲ್ಲ, ಆ ಲೆಕ್ಕದಲ್ಲಿ ಹ್ಯಾಮೆಯವರೆಲ್ಲ ಕೋಟ್ಯಧೀಶ್ವರರು.

ಮಧ್ಯಂತರದಲ್ಲಿ ರೌನಿ ಪರದೆಯ ಸಂದಿಯಿಂದ ಇಣುಕಿದರೆ, ಓನ್ನಿ ಕಾರು ಹತ್ತಿ ಹೊರಟೇಬಿಟ್ಟಿದ್ದ.

"ಮುಗೀತು ಐಲಿ. ಜಾಗದ ಯಜಮಾನ್ರೇ ಎದ್ದು ಹೋದ್ರು" ಎಂದಳು, ಕಾಫಿ ಮಾರುತ್ತಿದ್ದ ಬಾಲ್ಯದ ಗೆಳತಿಗೆ.

"ಹೋದವನು ಅವನೊಬ್ನೇ ಕಣೇ. ಉಳಿದೋರು ಮಳೇಲೇ ನಿಂತು ಕಾಫಿ ಕುಡೀತಿದಾರೆ. ಬನ್ನು ಖಾಲಿ."

"ಒಬ್ರಾದ್ರೂ ನಕ್ರಾ?"

"ನಕ್ರೆ ನಿನ್ನ ಮುಂದಿನ ಮಾತು ಅವ್ರಿಗೆ ಕೇಳಿಸ್ದೆ ಹೋಗಲ್ವೇನೇ? ಅಳಬೇಡ, ಬಣ್ಣ ಇಳಿದ್ರೆ ನಿನ್ನ ನೋಡಿ ಹಸು ಬೆದರ್ತವೆ!"

ರೌನಿಗೆ ಸಿಟ್ಟು ಬಂತು. ಒಂದೇ ಸಂಜೆಯಾದರೆ ಅದನ್ನೇ ಪೂರ್ತಿ ಆಡಿಬಿಡುತ್ತೇನೆ ಎಂದುಕೊಂಡಳು. ಎರಡನೆಯ ಅಂಕದ ಕೊನೆಗೆ ಸೂರಿನಡಿಯಿಂದ ಇಳಿದು, ಹಾಲಿನ ಕ್ಯಾನು ಹಿಡಿದು, ಮಳೆಯಲ್ಲಿ ಬೆಂಚುಗಳ ನಡುವೆ ನಿಂತಳು.

"ನಿಮ್ಮ ಒಂದೊಂದು ಹಸುವಿನ ಹೆಸರೂ ನನಗೆ ಗೊತ್ತು. ಇಪ್ಪತ್ತು ವರ್ಷ ನಿಮ್ಮಲ್ಲಿ ಕಾಫಿ ಕುಡ್ದಿದೀನಿ. ನನ್ನ ಹೆಸರೇನು, ಹೇಳಿ ನೋಡೋಣ?"

ಬರೆದ ನಾಟಕದಲ್ಲಿ ಇದಕ್ಕೆ ಯಾರೂ ಉತ್ತರ ಕೊಡುವುದಿಲ್ಲ. ಆದರೆ ಹಿಂದಿನ ಬೆಂಚಿನಿಂದ ಒಬ್ಬ ಮುದುಕಿ, ನಾಟಕವೆಂಬುದನ್ನೇ ಮರೆತು, ಎದ್ದು ನಿಂತಳು. "ಸೈಮಿ! ನಮ್ಮನೆಗೆ ಹಾಲು ಅಳೆಯೋಕೆ ಬರ್ತಿದ್ದೋಳು ಸೈಮಿ!"

"ನಮ್ಮಲ್ಲಿಗೆ ಹಿಲ್ಕ!" ಎಂದ ಇನ್ನೊಬ್ಬ. ಆಮೇಲೆ ಮೂಲೆಮೂಲೆಯಿಂದ ಹೆಸರುಗಳು ಬಂದವು. ರೌನಿ ಅತ್ತಳು, ಖುಷಿಗೆ; ಮಳೆಯಲ್ಲಿ ಅದು ಯಾರಿಗೂ ಕಾಣಲಿಲ್ಲ. ಇನ್ನೂರು ಜನ ಎದ್ದು ನಿಂತು ಒದ್ದೆ ಕೈಗಳಲ್ಲೇ ಚಪ್ಪಾಳೆ ತಟ್ಟಿದರು.

ಎಲ್ಲರೂ ಹೋದ ಮೇಲೆ ನೋಡಿದರೆ ಓನ್ನಿ ಗುಂಡಿಯ ಅಂಚಿನಲ್ಲಿ ಟೋಪಿ ಹಿಂಡುತ್ತ ನಿಂತಿದ್ದ.

"ಅರ್ಧಕ್ಕೇ ಎದ್ದು ಹೋದ್ರಲ್ಲ?"

"ಮನೆಗೆ ಹೋಗಿ ಲಾರಿಯವನಿಗೆ ಫೋನ್ ಮಾಡ್ಬೇಕಿತ್ತು, ಬರಬೇಡ ಅಂತ. ಅವನು ಬೇಗ ಮಲಗ್ತಾನೆ."

ಆಮೇಲೆ ಹದಿನಾಲ್ಕು ಬೇಸಿಗೆ, ರೌನಿ ಬರೆದ ಒಂಬತ್ತು ನಾಟಕ. ಅಷ್ಟೂ ವರ್ಷ ಓನ್ನಿ ತನ್ನ ಅಂಗಳಕ್ಕೆ ಬೇಕಾದ ಗರಸನ್ನು ಪಕ್ಕದೂರಿನಿಂದ ಕೊಂಡು ತಂದ.