ಮಹಡಿ ಮೇಲಿನ ಲಗೋರಿ ಕಂಪನಿ

ಇದನ್ನು ಬರೆಯಬೇಕೆಂದು ಕೂತಾಗಲೆಲ್ಲ ನಾನು ಬೇರೆ ಏನನ್ನೋ ಬರೆದು ಕಳಿಸಿದ್ದೇನೆ. ಸೊಗಡಿನ ಅವರೆಕಾಯಿ ಆರಿಸುವುದು ಹೇಗೆ ಎಂದು ಬರೆದೆನಲ್ಲ, ಆ ವಾರ ಬರೆಯಬೇಕಿದ್ದದ್ದು ಇದನ್ನೇ. ಮಂಡಿನೋವಿನ ಎಣ್ಣೆಗಳ ಬಗ್ಗೆ ಬರೆದ ವಾರವೂ ಇದನ್ನೇ. ಪಾರ್ಕಿನ ಬೆಂಚುಗಳ ಮೇಲೆ ವಾರದ ಮೇಲೆ ವಾರ ಬರೆಯತೊಡಗಿದಾಗ ಸಂಪಾದಕರಿಗೇ ಅನುಮಾನ ಬಂತು. 'ಏನ್ ಸಾರ್, ಬೆಂಚ್ ಬಿಟ್ಟು ಏಳೋದೇ ಇಲ್ವಾ?' ಎಂದು ಕೇಳಿದರು.

ಇವತ್ತು ಎದ್ದಿದ್ದೇನೆ. ಎಬ್ಬಿಸಿದ್ದು ಮೆಟ್ರೋ.

ಮೊನ್ನೆ ಕೆಂಗೇರಿಯಲ್ಲಿ ನೆಂಟರ ಗೃಹಪ್ರವೇಶ ಮುಗಿಸಿಕೊಂಡು ವಾಪಸ್ ಬರುತ್ತಿದ್ದೆ. ಹೊಟ್ಟೆ ತುಂಬ ಒಬ್ಬಟ್ಟು, ಪುಣ್ಯಕ್ಕೆ ಕೂರಲು ಸೀಟು. ಕಣ್ಣು ಎಳೆಯುತ್ತಿತ್ತು. ಇದ್ದಕ್ಕಿದ್ದಂತೆ ಯಾರೋ ಗದರಿದರು. 'ಯಾವನೋ ಅವ್ನು ಬಾಲ್ ಒಳಗ್ ಹಾಕಿದ್ದು? ಬಾ ಇಲ್ಲಿ, ಕಿವಿ ಹಿಂಡ್ತೀನಿ!'

ಬೆಚ್ಚಿ ಕಣ್ಣು ಬಿಟ್ಟೆ. ಬೋಗಿಯಲ್ಲಿ ಹಾಗೆ ಗದರುವ ವಯಸ್ಸಿನವನು ನಾನೊಬ್ಬನೇ. ನನ್ನ ಬಾಯಿ ಮುಚ್ಚಿತ್ತು. ಆದರೆ ದನಿ ನನ್ನದೇ.

ಬಂದದ್ದು ಪಕ್ಕದ ಹುಡುಗನ ಫೋನಿನಿಂದ. ಅದರಲ್ಲಿ ಅವನು ಲಗೋರಿ ಆಡುತ್ತಿದ್ದ. 'ಈ ಮುದುಕ ಮತ್ತೆ ಬಾಲ್ ಕಿತ್ಕೊಂಡ ಮಚ್ಚಾ' ಎಂದು ಗೆಳೆಯನಿಗೆ ದೂರು ಹೇಳಿದ. ಗೆಳೆಯ ಆ ಮುದುಕನಿಗೊಂದು ವಿಶೇಷಣ ಕೊಟ್ಟ. (ಮನೆಮಂದಿಯೆಲ್ಲ ಓದುವ ಪತ್ರಿಕೆ ಇದು, ಬರೆಯುವುದಿಲ್ಲ.) ನಾನು ಬೆವರು ಒರೆಸಿಕೊಳ್ಳುವ ನೆಪದಲ್ಲಿ ವಿಜಯನಗರದವರೆಗೂ ಕರ್ಚೀಫಿನಲ್ಲಿ ಮುಖ ಮುಚ್ಚಿಕೊಂಡು ಬಂದೆ. ಏಸಿ ಬೋಗಿಯಲ್ಲಿ ಎಂಥ ಬೆವರು ಎಂದು ಯಾರೂ ಕೇಳಲಿಲ್ಲ.

ಹೌದು, ಆ ಮುದುಕ ನಾನೇ. ಅದು ಹೇಗೆಂದು ಹೇಳಬೇಕಾದರೆ ಒಂದು ಗೇಮ್ ಕಂಪನಿಯ ಚರಿತ್ರೆ ಹೇಳಬೇಕಾಗುತ್ತದೆ. ಇವತ್ತು ಅದಕ್ಕೆ ರಾಜಾಜಿನಗರದಲ್ಲಿ ಲಿಫ್ಟ್ ಇರುವ ಆಫೀಸಿದೆ. ಹುಟ್ಟಿದ್ದು ಮಾತ್ರ ನಮ್ಮ ಮನೆಯ ಮಹಡಿಯಲ್ಲಿ.

ನಾನು ಎಸ್ಸೆಸ್ಸೆಲ್ಸಿ ಓದಿ, ಫ್ಯಾಕ್ಟರಿಯಲ್ಲಿ ಲೇತ್ ಹಿಡಿದು, ಫೋರ್‌ಮನ್ ಆಗಿ ರಿಟೈರ್ ಆದವನು. ನಿಮಗೆ ಗೊತ್ತಿರುವುದೇ. ಮಹಡಿ ಮನೆಗೆ 'ಫ್ಯಾಮಿಲಿಗೆ ಮಾತ್ರ' ಎಂದು ಬೋರ್ಡು ತಗುಲಿಸಿದ್ದೆ. ಬಂದವನು ಮಂಜು. ಅವನ ಹಿಂದೆ ಇನ್ನೊಂದಿಷ್ಟು ಹುಡುಗರು, ಒಬ್ಬಳು ಹುಡುಗಿ. ಆನ್‌ಲೈನ್ ಮಲ್ಟಿಪ್ಲೇಯರ್ ಗೇಮ್ ಮಾಡುತ್ತಾರಂತೆ. ಹಾಗೆಂದರೇನು ಎಂದೆ. ಸಾವಿರಾರು ಜನ ಒಟ್ಟಿಗೇ ಆಡುವ ಆಟ ಎಂದ ಮಂಜು.

'ಸಾವಿರಾರು ಜನಾನಾ? ನಮ್ಮ ಸಂಪಲ್ಲಿ ಅಷ್ಟು ನೀರಿಲ್ಲಪ್ಪ' ಎಂದೆ.

ಹುಡುಗರೆಲ್ಲ ನಕ್ಕರು. ಆ ಹುಡುಗಿ ಮಾತ್ರ ನಗದೆ, 'ಇಲ್ಲಿಗೆ ಯಾರೂ ಬರಲ್ಲ ಅಂಕಲ್, ಎಲ್ರೂ ಅವರವರ ಮನೇಲಿ ಕೂತು ಆಡ್ತಾರೆ' ಎಂದು ಸಮಾಧಾನ ಹೇಳಿದಳು. ಆ ಮಾತು ನನ್ನ ತಲೆಯಲ್ಲಿ ಭದ್ರವಾಗಿ ಕೂತುಬಿಟ್ಟಿತು. ಬಾಡಿಗೆಗೆ ಕೊಟ್ಟೆ. ಬೋರ್ಡು ತೆಗೆದೆ.

ಅವರು ಮಾಡುತ್ತಿದ್ದದ್ದು ಲಗೋರಿ. ಏಳು ಕಲ್ಲು, ಒಂದು ಬಾಲು, ಎರಡು ಟೀಮು. ನಾನು ಬೆಳೆದದ್ದು ಬಿನ್ನಿಪೇಟೆಯ ವಠಾರದಲ್ಲಿ, ಲಗೋರಿ ಆಡಿ ಆಡಿಯೇ ಎಸ್ಸೆಸ್ಸೆಲ್ಸಿಗೆ ನಿಂತವನು. ಹೀಗಾಗಿ ಅವರ ಸುಪ್ರೀಂ ಕೋರ್ಟ್ ನಾನಾದೆ. ಕಲ್ಲು ಜೋಡಿಸುವವನ ಬೆನ್ನಿಗೆ ಬಾಲ್ ಬಿದ್ದರೆ ಔಟೋ ಅಲ್ಲವೋ? ಕೊನೆಯ ಕಲ್ಲು ಓರೆಯಾಗಿ ಕೂತರೆ ಗೆದ್ದಂತೆಯೋ ಇಲ್ಲವೋ? ಇಂಜಿನಿಯರಿಂಗ್ ಓದಿದ ಹುಡುಗರು ಜಗಳವಾಡಿಕೊಂಡು ಮೆಟ್ಟಿಲಿಳಿದು ಬರುತ್ತಿದ್ದರು. ನಾನು ಪೇಪರ್ ಮಡಚಿಟ್ಟು ತೀರ್ಪು ಕೊಡುತ್ತಿದ್ದೆ. ಇಂಥ ವೈಭವ ಫ್ಯಾಕ್ಟರಿಯಲ್ಲೂ ಇರಲಿಲ್ಲ.

ಆಟದಲ್ಲಿ ಬಾಲ್ ಕಾಂಪೌಂಡಿನೊಳಗೆ ಬಿದ್ದರೆ ಗದರಿಸುವ ಒಬ್ಬ ಮುದುಕ ಬೇಕು ಎಂದದ್ದು ಆ ಹುಡುಗಿ. ಫೋನು ನನ್ನ ಮುಂದೆ ಹಿಡಿದು, 'ಬೈಯಿರಿ ಅಂಕಲ್' ಎಂದಳು. ನನಗೆ ನಾಚಿಕೆ. ವಾರ್ತೆ ಓದುವವರ ಹಾಗೆ ಬೈದೆ. ಅವಳು ಕೆಳಗಿಳಿದು ಹೋಗಿ ಒಂದು ಬಾಲ್ ತಂದು ನನ್ನ ದಾಸವಾಳದ ಕುಂಡಕ್ಕೆ ಬೀಸಿದಳು. ಕುಂಡ ಎರಡು ಹೋಳು. ಆಮೇಲೆ ನನ್ನ ಬಾಯಿಂದ ಬಂದದ್ದನ್ನೇ ನೀವು ಈಗ ಮೆಟ್ರೋದಲ್ಲಿ ಕೇಳುತ್ತಿರುವುದು. ಮರುದಿನ ಹೊಸ ಕುಂಡ ತಂದಿಟ್ಟಳು. 'ಸಾರಿ ಅಂಕಲ್' ಎಂದಳು. ಅವಳಿಗೆ ಆ ಮಾತು ಅಷ್ಟು ಸಲೀಸು.

ಬಾಪೂಜಿ ನಗರದ ಹುಡುಗಿ. ಸ್ಕೂಟರಿನಲ್ಲಿ ಬಂದು ಹೋಗುತ್ತಿದ್ದಳು. ಅವಳ ಜವಾಬ್ದಾರಿ ಸರ್ವರ್ ಎನ್ನುವ ಒಂದು ಡಬ್ಬಿ ಮತ್ತು ಅದಕ್ಕೆ ಕರೆಂಟು ಹೋದಾಗ ಜೀವ ಹಿಡಿಯುವ ಯುಪಿಎಸ್. ಎಲ್ಲರೂ ಕಂಪ್ಯೂಟರಿಗೆ ಕಣ್ಣು ನೆಟ್ಟು ಕೂತಿದ್ದರೆ ಇವಳು ಬ್ಯಾಟರಿ ಪಕ್ಕ ನೆಲದ ಮೇಲೆ ಕೂತಿರುತ್ತಿದ್ದಳು.

ಈಗ ಬಂತು ಆಯುಧಪೂಜೆ.

ಫ್ಯಾಕ್ಟರಿಯವರಿಗೆ ಅದೆಂಥ ಹಬ್ಬ ಎಂದು ಆಫೀಸಿನವರಿಗೆ ಹೇಳಿ ತಿಳಿಯಪಡಿಸುವುದು ಕಷ್ಟ. ಲೇತ್ ತೊಳೆದು, ಎಣ್ಣೆ ಒರೆಸಿ, ಕುಂಕುಮ ಇಟ್ಟು, ಬಾಳೆಕಂದು ಕಟ್ಟಿ, ಬೂದುಗುಂಬಳ ಒಡೆದರೆ ಮುಗಿಯಿತು. ಮರುದಿನದವರೆಗೆ ಸ್ವಿಚ್ ಮುಟ್ಟುವ ಹಾಗಿಲ್ಲ. ವರ್ಷವೆಲ್ಲ ದುಡಿದದ್ದು, ಒಂದು ದಿನ ಮಲಗಲಿ. ಒಮ್ಮೆ ಹೊಸ ಮ್ಯಾನೇಜರ್ ಅರ್ಜೆಂಟ್ ಆರ್ಡರ್ ಎಂದು ಪೂಜೆಯಾದ ಲೇತ್ ಓಡಿಸಲು ಹೇಳಿದಾಗ ಮೆಷಿನ್ನಿಗೆ ಅಡ್ಡ ನಿಂತವನು ನಾನು.

ಮಹಡಿಯಲ್ಲೂ ನನ್ನ ಉಸ್ತುವಾರಿಯಲ್ಲೇ ಪೂಜೆಯಾಯಿತು. ಕೀಬೋರ್ಡಿಗೆ ಕುಂಕುಮ, ಮಾನಿಟರಿಗೆ ಚೆಂಡುಹೂವು, ಸರ್ವರಿಗೆ ಮಂಗಳಾರತಿ. ಹುಡುಗರೆಲ್ಲ ಊರಿಗೆ ಹೊರಟರು. ಹುಡುಗಿ ಕೊನೆಯಲ್ಲಿ ಯುಪಿಎಸ್ ಹತ್ತಿರ ಕೂತು ಏನೇನೋ ಪರೀಕ್ಷೆ ಮಾಡಿ ಎದ್ದಳು. 'ಸಂಜೆ ಮೊದಲ್ನೇ ಸಲ ಗೇಮ್ ಎಲ್ರಿಗೂ ಓಪನ್ ಮಾಡ್ತಾ ಇದೀವಿ ಅಂಕಲ್. ರಜಾ ಅಲ್ವಾ, ತುಂಬ ಜನ ಆಡ್ತಾರೆ' ಎಂದು ಕಾಲಿಗೆ ನಮಸ್ಕಾರ ಮಾಡಿದಳು. ಒಳ್ಳೆಯದಾಗಲಿ ಎಂದು ಹರಸಿದೆ.

ಸಂಜೆ ಒಣಗಿದ ಬಟ್ಟೆ ತರಲು ಮೇಲೆ ಹೋದವನು ಕಿಟಕಿಯಲ್ಲಿ ನೋಡುತ್ತೇನೆ, ಒಳಗೆ ಪಿಳಿಪಿಳಿ ಹಸಿರು ದೀಪ. ಗೊರ್ರ್ ಎಂದು ಫ್ಯಾನಿನ ಸದ್ದು. ಪೂಜೆಯಾದ ಮೆಷಿನ್ನು ದುಡಿಯುತ್ತಿದೆ! ಹುಡುಗರು ಮರೆತು ಹೋಗಿದ್ದಾರೆ ಎಂದುಕೊಂಡೆ. ಆಡುವವರು ಅವರವರ ಮನೆಯಲ್ಲಿ ಕೂತು ಆಡುತ್ತಾರೆ ತಾನೆ? ಈ ಡಬ್ಬಿಗೇನು ಕೆಲಸ?

ನನ್ನ ಹತ್ತಿರ ಇನ್ನೊಂದು ಬೀಗದ ಕೈ ಇತ್ತು. ಒಳಗೆ ಹೋಗಿ ಮೊದಲು ಯುಪಿಎಸ್ ಆರಿಸಿದೆ, ಆಮೇಲೆ ಮೇನ್ ಸ್ವಿಚ್. 'ಮಲಕ್ಕೊಳ್ರಪ್ಪ' ಎಂದು ಹೇಳಿ, ಬಟ್ಟೆ ಹೊತ್ತು ಕೆಳಗೆ ಬಂದೆ. ಮನೆಯವಳು ಏನು ಮಾಡಿದಿರಿ ಎಂದು ಕೇಳಿದಳು. ಹೇಳಿದೆ. ಮಾಡಿದ್ದು ಪುಣ್ಯದ ಕೆಲಸವೆಂದೇ ಹೇಳಿದೆ.

ಸ್ವಲ್ಪ ಹೊತ್ತಿಗೆ ಹುಡುಗಿಯ ಫೋನು. ದನಿ ನಡುಗುತ್ತಿತ್ತು. 'ಅಂಕಲ್, ಕರೆಂಟ್ ಹೋಗಿದ್ಯಾ? ಆಡ್ತಾ ಇದ್ದೋರೆಲ್ಲ ಆಚೆ ಬಿದ್ದಿದಾರೆ, ಯಾರಿಗೂ ಒಳಗ್ ಹೋಗಕ್ಕಾಗ್ತಾ ಇಲ್ಲ.'

ಆಗ ಅರ್ಥವಾಯಿತು. ಆ ಡಬ್ಬಿ ಅಂಪೈರಿನ ಹಾಗಂತೆ. ಯಾರ ಬಾಲ್ ಯಾರಿಗೆ ತಗುಲಿತು ಎನ್ನುವುದೆಲ್ಲ ಅಲ್ಲೇ ತೀರ್ಮಾನ. ನಾನು ನಡು ಆಟದಲ್ಲಿ ಅಂಪೈರನ್ನು ಎತ್ತಿಕೊಂಡು ಹೋಗಿ ಹಾಸಿಗೆಯ ಮೇಲೆ ಮಲಗಿಸಿದ್ದೆ.

ಹೇಳಬಹುದಿತ್ತು. ಒಂದು ನಿಮಿಷ, ಸ್ವಿಚ್ ಹಾಕಿಬರ್ತೀನಿ ಎನ್ನಬಹುದಿತ್ತು. ಬಾಯಿಗೆ ಬಂದದ್ದು, 'ಹೂಂ ಕಣಮ್ಮ, ಇಡೀ ರೋಡಿಗೇ ಇಲ್ಲ.' ಹಿಂದೆ ಟೀವಿಯಲ್ಲಿ ಧಾರಾವಾಹಿಯ ಅತ್ತೆ ಕಿರುಚುತ್ತಿದ್ದಳು. ಫೋನು ಹಿಡಿದು ಬಚ್ಚಲಿಗೆ ಓಡಿದೆ. ತಾನೇ ಬರುತ್ತೇನೆಂದಳು. ಕತ್ತಲಲ್ಲಿ ಬಂದು ಏನು ಮಾಡುತ್ತೀಯ ಎಂದು ತಡೆದೆ. 'ಯುಪಿಎಸ್ ಹಿಡೀಬೇಕಿತ್ತಲ್ಲ ಅಂಕಲ್?' ಎಂದಳು.

'ಅದಕ್ಕೂ ಏನೋ ಆಗಿರ್ಬೇಕಮ್ಮ' ಎಂದೆ.

ಕರೆಂಟಿನ ಸುಳ್ಳು ಏನೂ ಅಲ್ಲ. ಬೆಂಗಳೂರಿನಲ್ಲಿ ಕರೆಂಟ್ ಹೋಗಿರಲಿಲ್ಲ ಎಂದರೆ ತಾನೆ ಜನ ವಿಚಾರಿಸುವುದು? ಈ ಎರಡನೆಯ ಮಾತು ನೋಡಿ, ಇದು ಕೆಲಸ ಮಾಡಿತು. ಫೋನಿಟ್ಟ ಮೇಲೂ ನಾನು ಸ್ವಿಚ್ ಹಾಕಲಿಲ್ಲ. ತಕ್ಷಣ ಹಾಕಿದರೆ ಅನುಮಾನ ಬರುತ್ತದೆಂದು ಯೋಚಿಸಿ, ವಿಜಯದಶಮಿಯ ಬೆಳಿಗ್ಗೆ ಸ್ನಾನ ಮಾಡಿ, ಕಾಯಿ ಒಡೆದು ಹಾಕಿದೆ. ಶಾಸ್ತ್ರಕ್ಕೇನೂ ಕೊರತೆ ಮಾಡಲಿಲ್ಲ.

ಹುಡುಗರು ಊರಿಂದ ಬಂದ ದಿನ ಮಹಡಿಯಲ್ಲಿ ಜೋರು ಮಾತು. ಮೊದಲ ದಿನವೇ ಹೀಗಾಯಿತಲ್ಲ ಎಂದು ಆಟಗಾರರು ಬರೆದಿದ್ದ ಬೈಗುಳವನ್ನೆಲ್ಲ ಮಂಜು ಓದಿ ಹೇಳುತ್ತಿದ್ದ. ನಾನು ಮೆಟ್ಟಿಲ ಮೇಲೆ ನಿಂತಿದ್ದೆ.

'ಹೊರಡೋ ಮುಂಚೆನೂ ಬ್ಯಾಟರಿ ಚೆಕ್ ಮಾಡ್ದೆ ಕಣೋ' ಎಂದಳು ಹುಡುಗಿ.

'ಹಂಗಾದ್ರೆ ಅಂಕಲ್ ಸುಳ್ಳು ಹೇಳಿದ್ರಾ?'

ಅವಳು ಮೆಲ್ಲಗೆ ಹೇಳಿದಳು. 'ಅಂಕಲ್ ಯಾಕೆ ಸುಳ್ಳು ಹೇಳ್ತಾರೆ? ನಾನೇ ಎಲ್ಲೋ ಮಿಸ್ ಮಾಡಿರ್ಬೇಕು.'

ಮೇಲೆ ಹೋಗಲು ಎತ್ತಿದ ಕಾಲನ್ನು ನಾನು ಕೆಳಗಿನ ಮೆಟ್ಟಿಲಿಗೆ ಇಟ್ಟೆ. ಮಂಡಿನೋವು ಕಾರಣವಲ್ಲ.

ನಮ್ಮ ಕಾಲದ ಗಂಡಸರಿಗೆ ಕ್ಷಮೆ ಕೇಳಲು ಬರುವುದಿಲ್ಲ. ತಿಂಡಿ ಕೊಡಲು ಬರುತ್ತದೆ. ನಮ್ಮಪ್ಪ ಅಮ್ಮನ ಮೇಲೆ ಸುಮ್ಮನೆ ರೇಗಿದ ದಿನ ಸಂಜೆ ಮೈಸೂರುಪಾಕು ತರುತ್ತಿದ್ದರು. ಅವರ ಬಾಯಿಂದ ತಪ್ಪಾಯಿತು ಎಂಬ ಮಾತು ಯಾರೂ ಕೇಳಿಲ್ಲ. ನಾನೂ ಹಾಗೆಯೇ ಆ ಹುಡುಗಿಗೆ ಚಕ್ಕುಲಿ ಕೊಟ್ಟೆ. ಕಜ್ಜಾಯ ಕೊಟ್ಟೆ. ಹೋಟೆಲಿನಿಂದ ಬಿಸಿ ದೋಸೆ ಕಟ್ಟಿಸಿ ತಂದೆ. 'ಅಂಕಲ್ ಪಾರ್ಷಿಯಾಲಿಟಿ ಮಾಡ್ತಾರೆ' ಎಂದು ಹುಡುಗರು ಗೊಣಗಿದರು. ಅವಳು ತಿಂದಳು, ಥ್ಯಾಂಕ್ಸ್ ಹೇಳಿದಳು, ಕೆಲವು ತಿಂಗಳಿಗೆ ಕಂಪನಿ ಬಿಟ್ಟಳು. ಸರ್ವರನ್ನು ಬೇರೆಯವನಿಗೆ ವಹಿಸಿದ್ದರು. ಅವಳು ಸುಮ್ಮನೆ ಕೂತಿರುವುದನ್ನು ನಾನೇ ನೋಡಿದ್ದೆ.

ಆಮೇಲೆ ಒಂದು ಸಲ ಬಸ್ ಸ್ಟಾಪಿನಲ್ಲಿ ಸಿಕ್ಕಿದಳು. ಎಲ್ಲೋ ಒಳ್ಳೆಯ ಕೆಲಸದಲ್ಲಿದ್ದಾಳಂತೆ. ನನ್ನ ಮಂಡಿ ವಿಚಾರಿಸಿದಳು. ಹೋಗುವ ಮುಂಚೆ ನಗುತ್ತಲೇ, 'ಅವತ್ತು ನಾನು ನಿಜವಾಗ್ಲೂ ಚೆಕ್ ಮಾಡಿದ್ನಾ ಅಂತ ಈಗ ನಂಗೇ ಡೌಟು ಅಂಕಲ್. ಈಗಲೂ ಮನೆ ಬೀಗ ಹಾಕಿದ್ನಾ ಅಂತ ವಾಪಸ್ ಹೋಗಿ ನೋಡ್ತೀನಿ' ಎಂದಳು.

ಬಸ್ ಬಂತು ಎಂದೆ. ಬಂದದ್ದು ನನ್ನ ಬಸ್ಸಲ್ಲ. ಹತ್ತಿದೆ. (ಟಿಕೆಟ್ ಎಲ್ಲಿಗೆ ಎಂದು ಕಂಡಕ್ಟರ್ ಕೇಳಿದಾಗ, ಇದು ಎಲ್ಲಿಗೆ ಹೋಗುತ್ತೆ ಎಂದು ನಾನು ಕೇಳಬೇಕಾಯಿತು.)

ಇಷ್ಟು ಹಳೆಯ ಕಥೆ. ಕಳೆದ ಭಾನುವಾರ ಮಂಜು ಕ್ಯಾಮೆರಾ ಸಮೇತ ನಮ್ಮ ಮನೆಗೆ ಬಂದ. ಕಂಪನಿಯ ವಾರ್ಷಿಕೋತ್ಸವವಂತೆ. ಕಂಪನಿಯ ಹಿಸ್ಟರಿ ಬಗ್ಗೆ ವಿಡಿಯೋ. ಸಂಪಿನ ನೀರಿನ ಕಥೆ ಹೇಳಿದೆ, ದಾಸವಾಳದ ಕುಂಡದ ಕಥೆ ಹೇಳಿದೆ. ಆಮೇಲೆ ಅವನು, 'ಆ ಯುಪಿಎಸ್ ಕಥೆನೂ ನೀವೇ ಹೇಳಿ ಅಂಕಲ್, ಮಜಾ ಇರುತ್ತೆ' ಎಂದ. ಅವರ ಆಫೀಸಿನಲ್ಲಿ ಈಗಲೂ ಯಾರಾದರೂ ಏನಾದರೂ ಮರೆತರೆ ಆ ಹುಡುಗಿಯ ಹೆಸರು ಹೇಳಿ, 'ಹಂಗ್ ಆಗ್ಬೇಡ ಗುರು' ಎನ್ನುತ್ತಾರಂತೆ. ಅವಳನ್ನು ಕಣ್ಣಲ್ಲೂ ನೋಡದ ಹೊಸ ಹುಡುಗರು ಕೂಡ.

ನಾನು ಏನು ಮಾಡಿರಬಹುದು ಹೇಳಿ? ಆ ಕಥೆ ಹೇಳಿದೆ. ಕ್ಯಾಮೆರಾ ಮುಂದೆ, ಕೈ ಬಾಯಿ ತಿರುಗಿಸಿ, ಅವಳ ನಡುಗುವ ದನಿಯನ್ನೂ ಅನುಕರಿಸಿ ಹೇಳಿದೆ. ಎಲ್ಲರೂ ನಕ್ಕರು. ಕಾಫಿ ತಂದ ಮನೆಯವಳು ಬಾಗಿಲಲ್ಲೇ ನಿಂತುಬಿಟ್ಟಳು.

ಅವರು ಹೋದ ಮೇಲೆ ಲೋಟ ಎತ್ತುತ್ತಾ ಕೇಳಿದಳು. 'ಆರಿಸಿದ್ದು ನೀವಲ್ವಾ? ನಾನು ಅವತ್ತೇ ಹೇಳಿರ್ತೀರ ಅನ್ಕೊಂಡಿದ್ದೆ.'

ನಾನು ಪೇಪರ್ ಬಿಡಿಸಿ ಮುಖಕ್ಕೆ ಅಡ್ಡ ಹಿಡಿದೆ.

'ಬೈಗುಳ ಕೇಳ್ದೋಳು ಆ ಮಗು, ಕಥೆ ಹೇಳಿ ಚಪ್ಪಾಳೆ ಹೊಡೆಸ್ಕೊಂಡೋರು ನೀವು. ಚೆನ್ನಾಗಿದೆ' ಎಂದು ಒಳಗೆ ಹೋದಳು. ಅಂದಿನಿಂದ ನನ್ನ ಕಾಫಿ ಟೇಬಲ್ ಮೇಲೆ ಇರುತ್ತದೆ. ಕೈಗೆ ಬರುವುದಿಲ್ಲ.

ಮಕ್ಕಳಿಗೆ 'ಸಾರಿ ಕೇಳು' ಎಂದು ಕಿವಿ ಹಿಡಿದು ಕಲಿಸುವವರು ನಾವೇ. ಹಿರಿಯರ ಮಾತಿಗೆ ಸಾಕ್ಷಿ ಬೇಡ ಎನ್ನುವ ಒಂದು ಸವಲತ್ತು ನಮಗಿದೆ ನೋಡಿ, ಅದನ್ನು ನಾವು ಬಳಸಿಕೊಳ್ಳುವ ಚೆಂದ ನನಗೀಗ ಗೊತ್ತು.

ಮಂಜು, ನೀನು ಓದದಿದ್ದರೂ ನಿಮ್ಮಮ್ಮ ಈ ಪುಟ ಓದುತ್ತಾರೆ. ಆ ಕಥೆಯನ್ನು ವಿಡಿಯೋದಿಂದ ತೆಗೆಯಬೇಡ, ಕ್ಯಾಮೆರಾ ತೆಗೆದುಕೊಂಡು ಇನ್ನೊಂದು ಸಲ ಬಾ. ಈ ಸಲ ನಡೆದದ್ದನ್ನು ಹೇಳುತ್ತೇನೆ. ಮರೆವಿಗೊಂದು ಹೆಸರು ನಿಮ್ಮ ಆಫೀಸಿಗೆ ಬೇಕೇಬೇಕು ಎಂದಾದರೆ ನನ್ನ ಹೆಸರಿದೆ, ಬಾಡಿಗೆ ಕೇಳುವುದಿಲ್ಲ.

ಪೇಪರಿನಲ್ಲಿ ಬರೆದರೆ ಕ್ಷಮೆ ಕೇಳಿದಂತಾಗುವುದಿಲ್ಲ, ಅದೂ ಗೊತ್ತು. ಅದಕ್ಕೆ ಬಾಪೂಜಿ ನಗರಕ್ಕೇ ಹೋಗಿ ಬಾಗಿಲು ತಟ್ಟಬೇಕು, ಕೈಯಲ್ಲಿ ಚಕ್ಕುಲಿ ಡಬ್ಬಿ ಇಲ್ಲದೆ. ಅಷ್ಟು ಧೈರ್ಯ ಇನ್ನೂ ಬಂದಿಲ್ಲ. ಬರುವವರೆಗೆ ಅವಳು ಬೀಗ ನೋಡಲು ವಾಪಸ್ ಹೋಗುತ್ತಿರುವುದು ಬೇಡ.

ನೀನು ಚೆಕ್ ಮಾಡಿದ್ದೆ, ಯಶೋದಾ.